ಸಿನಿಮಾ ಸೌಂಡ್ ಕೆಲಸಕ್ಕೆ ಬರಬೇಕು ಅಂತಿದ್ದೇನೆ, ಅನುಭವ ಇರುವವರು ಹೇಳಿ

ಹೆಸರಘಟ್ಟದ ಹುಡುಗ

ಎಲ್ಲರಿಗೂ ನಮಸ್ಕಾರ. ಹೆಸರಘಟ್ಟದ ಸರ್ಕಾರಿ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಸೌಂಡ್ ಡಿಪ್ಲೊಮಾ ಓದುತ್ತಿದ್ದೇನೆ. ಇದು ಕೊನೆಯ ವರ್ಷ. ಊರು ತುರುವೇಕೆರೆ ಕಡೆ. ಹಬ್ಬಕ್ಕೆ ಮನೆಗೆ ಹೋದಾಗ ಅಪ್ಪ ಕೇಳಿದರು: "ಕ್ಯಾಮೆರಾ ಅಂದ್ರೆ ಗೊತ್ತಾಗುತ್ತೆ. ಸೌಂಡ್ ಅಂದ್ರೆ ನೀನು ಏನು ಮಾಡ್ತೀಯ, ಮೈಕ್ ಸೆಟ್ಟಾ?" ಅರ್ಧ ಗಂಟೆ ವಿವರಿಸಿದೆ. ಅವರಿಗೆ ಅರ್ಥವಾಗಲಿಲ್ಲ. ಆಮೇಲೆ ನನಗೇ ಅನುಮಾನ ಶುರುವಾಯಿತು. ಈ ಕೆಲಸದಲ್ಲಿ ಬದುಕು ಹೇಗಿರುತ್ತದೆ? ಲೊಕೇಶನ್ನಿಗೆ ಹೋಗಬೇಕಾ, ಸ್ಟುಡಿಯೋದಲ್ಲಿ ಕೂರಬೇಕಾ? ಬೆಂಗಳೂರಿನಲ್ಲೇ ಇದ್ದರೆ ಆಗುತ್ತಾ? ಈ ಕೆಲಸ ಮಾಡಿದವರು ಇದ್ದರೆ ದಯವಿಟ್ಟು ಬರೆಯಿರಿ. ಎಷ್ಟು ಉದ್ದ ಬರೆದರೂ ಓದುತ್ತೇನೆ.

ಜೀರುಂಡೆ

ತಮ್ಮಾ, ನಾನು ಈ ಕೆಲಸಕ್ಕೆ ಬಂದು 24 ವರ್ಷ ಆಯಿತು. ಮೈಕ್ ಸೆಟ್ಟಿನ ಮಾತು ಬಂತಲ್ಲ, ಅಲ್ಲಿಂದಲೇ ಶುರು ಮಾಡುತ್ತೇನೆ. ನಾನು ಚಿಕ್ಕವನಿದ್ದಾಗ ನಮ್ಮೂರ ಜಾತ್ರೆಯಲ್ಲಿ ಮೈಕ್ ಸೆಟ್ಟಿನವರು ಸಿನಿಮಾದ ಮಾತಿನ ಕ್ಯಾಸೆಟ್ ಹಾಕುತ್ತಿದ್ದರು. ಬರೀ ಹಾಡಲ್ಲ. ಮಾತು, ಅಳು, ಕುದುರೆ, ಕತ್ತಿ ಎಲ್ಲ. ಹೆಂಗಸರು ಒಬ್ಬಟ್ಟು ತಟ್ಟುತ್ತಾ ಇಡೀ ಸಿನಿಮಾ ಕೇಳುತ್ತಿದ್ದರು. ಅಳುವ ಕಡೆ ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಿದ್ದರು. ಪರದೆಯೇ ಇರಲಿಲ್ಲ. ನಿಮ್ಮಪ್ಪನಿಗೆ ಆ ಕ್ಯಾಸೆಟ್ ನೆನಪಿಸು. ಅದರೊಳಗೆ ಇದ್ದದ್ದನ್ನು ಮಾಡುವವರು ನಾವು ಅಂತ ಹೇಳು.

ಒಳಗೆ ಕೆಲಸ ಹಲವು. ಲೊಕೇಶನ್ನಿನಲ್ಲಿ ಮಾತು ಹಿಡಿಯುವವರು ಒಬ್ಬರು. ಆ ಮಾತನ್ನು ತೊಳೆದು, ಟೇಕಿಗೆ ಟೇಕು ಬೆಸೆಯುವವರು ಇನ್ನೊಬ್ಬರು. ಡಬ್ಬಿಂಗ್ ರೂಮಿನ ಇಂಜಿನಿಯರ್ ಬೇರೆ. ಹೆಜ್ಜೆ, ಬಟ್ಟೆ, ಪಾತ್ರೆಯ ಸದ್ದು ಮಾಡುವ ಫೋಲಿ ಕಲಾವಿದರು ಬೇರೆ. ಗಾಳಿ, ಮಳೆ, ಟ್ರಾಫಿಕ್ಕು, ಹೊಡೆತ ಕೂಡಿಸುವವರು ಎಫೆಕ್ಟ್ಸ್‌ನವರು. ಇದೆಲ್ಲ ಹೇಗಿರಬೇಕು ಅಂತ ಸ್ಕ್ರಿಪ್ಟ್ ಹಂತದಿಂದ ಯೋಚಿಸುವವರು ಸೌಂಡ್ ಡಿಸೈನರ್. ಕೊನೆಗೆ ಮಾತು, ಸಂಗೀತ, ಎಫೆಕ್ಟ್ಸ್ ಮೂರನ್ನೂ ಹದ ಮಾಡಿ ಕೂಡಿಸುವವರು ಮಿಕ್ಸಿಂಗ್ ಇಂಜಿನಿಯರ್. ದೊಡ್ಡ ಚಿತ್ರದಲ್ಲಿ ಇಷ್ಟೂ ಜನ ಇರುತ್ತಾರೆ. ಸಣ್ಣ ಚಿತ್ರದಲ್ಲಿ ಇಬ್ಬರೇ.

ನನ್ನ ಮಟ್ಟಿಗೆ ಈ ಕೆಲಸ ಏನು ಅಂತ ಗೊತ್ತಾಗಿದ್ದು ಒಂದು ತಪ್ಪಿನಿಂದ. ನಾನು ಬಂದಾಗ ನಮ್ಮಲ್ಲಿ ಬಹುಪಾಲು ಚಿತ್ರಗಳಿಗೆ ಲೊಕೇಶನ್ನಿನಲ್ಲಿ ಪೈಲಟ್ ಟ್ರ್ಯಾಕ್ ಮಾತ್ರ. ಡಬ್ಬಿಂಗ್ ಮಾಡುವಾಗ ಕೇಳಿಸಿಕೊಳ್ಳಲು ಒಂದು ಗುರುತು, ಅಷ್ಟೇ. ಅದು ಚೆನ್ನಾಗಿ ಬರಬೇಕು ಅಂತ ಯಾರೂ ತಲೆ ಕೆಡಿಸಿಕೊಳ್ಳುತ್ತಿರಲಿಲ್ಲ. ನಾನೂ ಕೆಡಿಸಿಕೊಳ್ಳಲಿಲ್ಲ. ನನ್ನ ಮೂರನೇ ಚಿತ್ರವೋ ನಾಲ್ಕನೇದೋ. ಮಾಗಡಿ ಹತ್ತಿರದ ಹಳ್ಳಿ. ನಾಟಕ ಕಂಪನಿಯಲ್ಲಿ ಬೆಳೆದ ಒಬ್ಬ ಅಮ್ಮ ಅಜ್ಜಿಯ ಪಾತ್ರ ಮಾಡುತ್ತಿದ್ದರು. ಜನರೇಟರ್ ವ್ಯಾನನ್ನು ಮನೆಯ ಹಿಂದೆಯೇ ನಿಲ್ಲಿಸಿದ್ದರು. ದೂರ ನಿಲ್ಲಿಸಿದರೆ ಕೇಬಲ್ ಸಾಲಲ್ಲ ಅಂದರು. ನಾನು ಒಂದು ಮಾತು ಹೇಳಿ ಸುಮ್ಮನಾದೆ. "ಡಬ್ಬಿಂಗ್‌ನಲ್ಲಿ ನೋಡ್ಕೊಳ್ಳೋಣ" ಅಂದರು ಎಲ್ಲರೂ.

ಸತ್ತ ಮಗನ ಪಂಚೆ ಮಡಿಸುತ್ತಾ ಅವನ ಜೊತೆ ಮಾತಾಡುವ ಸೀನು ಅದು. ಒಂದೇ ಟೇಕಿಗೆ ಓಕೆ ಆಯಿತು. ಊಟದ ಹೊತ್ತಿಗೂ ಯೂನಿಟ್ಟಿನಲ್ಲಿ ಯಾರೂ ಜೋರಾಗಿ ಮಾತಾಡಲಿಲ್ಲ.

ಡಬ್ಬಿಂಗ್ ಶುರುವಾಗುವ ಮೊದಲೇ ಆ ಅಮ್ಮ ತೀರಿಕೊಂಡರು. ಪೈಲಟ್ ಟ್ರ್ಯಾಕಿನಲ್ಲಿ ಜನರೇಟರ್ ಸದ್ದಿನ ಕೆಳಗೆ ಅವರ ದನಿ ಇತ್ತು. ಬಿಡಿಸಿ ತೆಗೆಯಲು ಆಗಲಿಲ್ಲ. ಈಗಿನ ಸಾಫ್ಟ್‌ವೇರ್‌ಗಳು ಆಗ ಇರಲಿಲ್ಲ. ಬೇರೆ ಕಲಾವಿದೆಯಿಂದ ಮಾತಾಡಿಸಿದರು. ಅವರು ಮನಸ್ಸಿಟ್ಟೇ ಮಾಡಿದರು. ಮೊದಲ ಪ್ರದರ್ಶನಕ್ಕೆ ಅಮ್ಮನ ಮಗಳು ಬಂದಿದ್ದರು. ಮುಗಿದ ಮೇಲೆ ನನ್ನ ಹತ್ತಿರ ಬಂದು "ಅಮ್ಮ ಮಾತಾಡಿದ್ದು ನಿಮ್ಮ ಹತ್ರ ಇದೆಯಂತೆ, ಒಂದು ಸಲ ಕೇಳಿಸ್ತೀರಾ?" ಅಂದರು. ಮರುದಿನ ಸ್ಟುಡಿಯೋಗೆ ಕರೆದು ಕೇಳಿಸಿದೆ, ಜನರೇಟರ್ ಸಮೇತ. ಅವರು ಹೆಡ್‌ಫೋನ್ ತೆಗೆಯದೆ ಮೂರು ಸಲ ಕೇಳಿದರು. ಅವತ್ತಿನಿಂದ ನಾನು ಪೈಲಟ್ ಟ್ರ್ಯಾಕ್ ಅನ್ನುವ ಮಾತು ಬಿಟ್ಟೆ. ಯಾವ ಸೆಟ್ಟಿಗೆ ಹೋದರೂ, ಇದೇ ಥಿಯೇಟರಿಗೆ ಹೋಗುವ ದನಿ ಅಂದುಕೊಂಡೇ ಹಿಡಿಯುತ್ತೇನೆ.

ಡಬ್ಬಿಂಗ್ ಅಕ್ಕ

ಜೀರುಂಡೆಯವರೇ, ನಿಮ್ಮ ನೋವು ಅರ್ಥವಾಗುತ್ತದೆ. ಆದರೆ ಡಬ್ಬಿಂಗ್ ಅಂದರೆ ಕೆಟ್ಟುಹೋದದ್ದಕ್ಕೆ ತೇಪೆ ಅನ್ನುವ ಹಾಗೆ ಓದುವವರಿಗೆ ಅನಿಸಬಾರದು. ನಾನು 18 ವರ್ಷದಿಂದ ಕಂಠದಾನ ಮಾಡುತ್ತಿದ್ದೇನೆ. ಕನ್ನಡ ಬಾರದ ಎಷ್ಟೋ ನಾಯಕಿಯರಿಗೆ ಕನ್ನಡ ಕೊಟ್ಟವರು ನಮ್ಮಂಥವರು. ಬರೀ ತುಟಿ ಕೂಡಿಸುವುದಲ್ಲ. ಆಕೆ ಎಲ್ಲಿ ಉಸಿರು ಎಳೆದಳು, ಎಲ್ಲಿ ಉಗುಳು ನುಂಗಿದಳು, ಅದೂ ಕೂಡಬೇಕು. ಓಡುವ ಸೀನಿಗೆ ನಿಂತಲ್ಲೇ ಓಡಿ ಏದುಸಿರು ತಂದುಕೊಳ್ಳುತ್ತೇನೆ. ಅಳುವ ಸೀನುಗಳನ್ನು ಸಂಜೆಗೆ ಇಟ್ಟುಕೊಳ್ಳುತ್ತೇನೆ. ಬೆಳಗ್ಗೆ ಅತ್ತರೆ ಇಡೀ ದಿನ ಗಂಟಲು ಕೂತಿರುತ್ತದೆ.

ಇನ್ನೊಂದು ವಿಷಯ. ಬೇರೆ ಭಾಷೆಯ ಚಿತ್ರಗಳನ್ನು ಕನ್ನಡಕ್ಕೆ ಡಬ್ ಮಾಡುವುದಕ್ಕೆ ನಮ್ಮಲ್ಲಿ ದಶಕಗಳ ಕಾಲ ತಡೆ ಇತ್ತು. 2015ರಲ್ಲಿ ಸ್ಪರ್ಧಾ ಆಯೋಗ (ವ್ಯಾಪಾರದ ಪೈಪೋಟಿಗೆ ಅಡ್ಡಿ ಆಗದಂತೆ ನೋಡುವ ಕೇಂದ್ರದ ಸಂಸ್ಥೆ) ಅದು ತಪ್ಪು ಅಂತ ಆದೇಶ ಕೊಟ್ಟಿತು. ಆಮೇಲೆ ನಿಧಾನವಾಗಿ ಬಾಗಿಲು ತೆರೆಯಿತು. ಈಗ ಕೆಲಸ ಎರಡೂ ಕಡೆಯಿಂದ ಬರುತ್ತಿದೆ. ಹೊರಗಿನದು ಕನ್ನಡಕ್ಕೆ, ನಮ್ಮದು ಹಿಂದಿ, ತೆಲುಗು, ತಮಿಳು, ಮಲಯಾಳಂಗೆ. ಡಬ್ಬಿಂಗ್ ಇಂಜಿನಿಯರ್ ಆಗಿ ಬರುವ ಹುಡುಗರಿಗೆ ಇಲ್ಲಿ ನಿಜವಾಗಿ ಜಾಗ ಇದೆ. ಒಂದೇ ಮಾತು, ಕನ್ನಡ ಚೆನ್ನಾಗಿ ಓದಲು ಬರೆಯಲು ಬರಬೇಕು. 'ಹ'ಕಾರ, 'ಅ'ಕಾರ ತಪ್ಪಿದಾಗ ಕಿವಿಗೆ ಚುಚ್ಚದ ಇಂಜಿನಿಯರ್ ಜೊತೆ ಕೆಲಸ ಮಾಡುವುದು ತುಂಬಾ ಕಷ್ಟ.

ಜೀರುಂಡೆ

ಅಕ್ಕಾ, ಒಪ್ಪಿದೆ. ನನ್ನ ಜಗಳ ಡಬ್ಬಿಂಗ್ ಕಲೆಯ ಜೊತೆ ಅಲ್ಲ. ಅದರ ಹೆಸರು ಹೇಳಿ ಲೊಕೇಶನ್ನಿನಲ್ಲಿ ಕೈ ಬಿಡುವುದರ ಜೊತೆ.

ಹುಡುಗನಿಗೆ ಇದರ ಹಿನ್ನೆಲೆ ಗೊತ್ತಿರಲಿ. 1931ರ 'ಆಲಂ ಆರಾ' ನಮ್ಮ ದೇಶದ ಮೊದಲ ಟಾಕಿ. ಅದರ ಮಾತು, ಹಾಡು ಎಲ್ಲ ಸೆಟ್ಟಿನಲ್ಲೇ ಹಿಡಿದದ್ದು. ಸ್ಟುಡಿಯೋ ಪಕ್ಕ ರೈಲು ಹಳಿ ಇತ್ತು. ರೈಲು ಓಡಾಟ ನಿಂತ ಮೇಲೆ ರಾತ್ರಿ ಶೂಟಿಂಗ್ ಮಾಡುತ್ತಿದ್ದರು. ಮೂರು ವರ್ಷಕ್ಕೆ, 1934ರಲ್ಲಿ, ಕನ್ನಡದ ಮೊದಲ ಟಾಕಿ 'ಸತಿ ಸುಲೋಚನ' ಬಂತು. ಅದನ್ನು ತೆಗೆದದ್ದು ಕೊಲ್ಹಾಪುರದಲ್ಲಿ. ಅಂದರೆ ಶುರುವಾಗಿದ್ದೇ ಲೊಕೇಶನ್ ಸೌಂಡಿನಿಂದ. ಆಮೇಲೆ ಹೊರಾಂಗಣ ಶೂಟಿಂಗ್ ಜಾಸ್ತಿಯಾಯಿತು. ಹಗುರವಾದ ಕ್ಯಾಮೆರಾಗಳು ಗರಗರ ಅನ್ನುತ್ತಿದ್ದವು. ಹೀರೋ ಮಾತಿಗಿಂತ ಕ್ಯಾಮೆರಾ ಸದ್ದೇ ಮೈಕಿಗೆ ಹತ್ತಿರ. ಹಾಗಾಗಿ ಎಲ್ಲವನ್ನೂ ಸ್ಟುಡಿಯೋದಲ್ಲಿ ಮತ್ತೆ ಮಾತಾಡಿಸುವ ಪದ್ಧತಿ ಬೇರೂರಿತು. ನಮ್ಮವರು ಎಷ್ಟೋ ವರ್ಷ ಅದಕ್ಕೂ ಮದ್ರಾಸಿನ ರೈಲು ಹತ್ತಬೇಕಿತ್ತು. 1980ರ ದಶಕದಲ್ಲಿ ಶಂಕರ್ ನಾಗ್ ಬೆಂಗಳೂರಿನಲ್ಲೇ 'ಸಂಕೇತ್' ರೆಕಾರ್ಡಿಂಗ್ ಸ್ಟುಡಿಯೋ ಕಟ್ಟಿದರಲ್ಲ, ಅದರ ಬೆಲೆ ಆ ರೈಲು ಹತ್ತಿದವರಿಗೆ ಗೊತ್ತು. ಚಾಮುಂಡೇಶ್ವರಿ ಸ್ಟುಡಿಯೋದಲ್ಲಿ ಡಬ್ಬಿಂಗ್, ಮಿಕ್ಸಿಂಗ್ ನಡೆಯುವಾಗ ಹಿರಿಯರ ಹಿಂದೆ ಸುಮ್ನೆ ನಿಂತು ಕಲಿತವರು ನಮ್ಮಲ್ಲಿ ತುಂಬಾ ಜನ.

2001ರಲ್ಲಿ 'ಲಗಾನ್' ಸಿಂಕ್ ಸೌಂಡಿನಲ್ಲಿ, ಅಂದರೆ ಶೂಟಿಂಗ್ ಮಾಡುವಾಗಲೇ ಹಿಡಿದ ದನಿಯಲ್ಲಿ, ಬಂತು. ಅದರ ಸೌಂಡಿಗೆ ನಕುಲ್ ಕಾಮ್ಟೆ ಮತ್ತು ಎಚ್. ಶ್ರೀಧರ್ ಅವರಿಗೆ ರಾಷ್ಟ್ರಪ್ರಶಸ್ತಿ ಸಿಕ್ಕಿತು. ನನ್ನ ವಯಸ್ಸಿನವರಿಗೆ ಅದೊಂದು ಧೈರ್ಯ. ನಮ್ಮ ಭಾಷೆಯಲ್ಲಿ ಕೇಳಬೇಕೆಂದರೆ 'ತಿಥಿ' ಕೇಳು. ನೋಡು ಅನ್ನುತ್ತಿಲ್ಲ, ಕೇಳು. ಮಂಡ್ಯ ಕಡೆಯ ಹಳ್ಳಿಯ ಜನರೇ ಪಾತ್ರಧಾರಿಗಳು. ಅವರ ಮಾತನ್ನು ಅಲ್ಲೇ ಹಿಡಿದಿದ್ದಾರೆ. ಆ ಜನರನ್ನು ಡಬ್ಬಿಂಗ್ ರೂಮಿನಲ್ಲಿ ಕೂರಿಸಿ ಮತ್ತೆ ಹೇಳಿ ಅಂದಿದ್ದರೆ ಆ ಎಳೆತ, ಆ ಬೈಗುಳದ ಲಯ ಬರುತ್ತಿತ್ತಾ? ಅದರ ಸೌಂಡ್ ಡಿಸೈನರ್ ನಿತಿನ್ ಲೂಕೋಸ್.

ಈಗಿನ ಡಿಜಿಟಲ್ ಕ್ಯಾಮೆರಾ ಸದ್ದು ಮಾಡುವುದಿಲ್ಲ. ಹಳೆಯ ನೆಪ ಹೋಯಿತು. ಉಳಿದಿರುವುದು ಬೆಂಗಳೂರಿನ ಗದ್ದಲ ಮತ್ತು ನಮ್ಮ ಅವಸರ.

ಮಲ್ಲೇಶ್ವರದ ಕೇಳುಗ

ನಾನು ಸಿನಿಮಾದವನಲ್ಲ, ಪ್ರೇಕ್ಷಕ. ನಮ್ಮ ಬೀದಿಯ ಹಳೇ ಮನೆಯಲ್ಲಿ ಆಗಾಗ ಶೂಟಿಂಗ್ ನಡೆಯುತ್ತದೆ. ಒಬ್ಬ ಹುಡುಗ ಮನೆ ಮನೆಗೆ ಬಂದು "ಐದು ನಿಮಿಷ ಮೋಟಾರ್ ಹಾಕಬೇಡಿ ಅಮ್ಮ, ಕುಕ್ಕರ್ ಇಡಬೇಡಿ ಅಮ್ಮ" ಅಂತ ಕೇಳಿಕೊಳ್ಳುತ್ತಾನೆ. ಪಾಪ ಅನಿಸುತ್ತದೆ. ಇಂಥ ಊರಿನಲ್ಲಿ ಸಿಂಕ್ ಸೌಂಡ್ ನಿಜವಾಗಿ ಸಾಧ್ಯವಾ? ಇನ್ನೊಂದು, ಕೆಲವು ವರ್ಷದ ಹಿಂದೆ ಕನ್ನಡ ಚಿತ್ರವೊಂದರ ಸೌಂಡ್ ಪ್ರಶಸ್ತಿ ಬಗ್ಗೆ ಗಲಾಟೆ ಆಗಿತ್ತಲ್ಲ, ಅದೇನು?

ಜೀರುಂಡೆ

ಸಾರ್, ಆ ಹುಡುಗನಿಗೆ ನೀವು ಮೋಟಾರ್ ಆಫ್ ಮಾಡಿಕೊಟ್ಟಿದ್ದರೆ ನಮ್ಮೆಲ್ಲರ ಪರವಾಗಿ ಥ್ಯಾಂಕ್ಸ್.

ಸಾಧ್ಯ. ಆದರೆ ಲೊಕೇಶನ್ ನೋಡಲು ಹೋಗುವಾಗ ಸೌಂಡಿನವರನ್ನೂ ಕರೆದುಕೊಂಡು ಹೋಗಬೇಕು. ನಮ್ಮಲ್ಲಿ ಡೈರೆಕ್ಟರು, ಕ್ಯಾಮೆರಾಮನ್, ಆರ್ಟ್ ಡೈರೆಕ್ಟರ್ ಹೋಗುತ್ತಾರೆ. ಮನೆ ಚೆನ್ನಾಗಿದೆ, ಕಿಟಕಿಯಿಂದ ಬೆಳಕು ಚೆನ್ನಾಗಿದೆ ಅಂತ ಒಪ್ಪುತ್ತಾರೆ. ಶೂಟಿಂಗ್ ದಿನ ನಾವು ಹೋಗಿ ನೋಡಿದರೆ ಪಕ್ಕದಲ್ಲೇ ಗ್ರಾನೈಟ್ ಕೊಯ್ಯುವ ಅಂಗಡಿ. ಯಲಹಂಕ ಕಡೆ ಹೋದರೆ ವಾಯುಪಡೆಯ ವಿಮಾನ. ಚೈತ್ರದಲ್ಲಿ ಕೋಗಿಲೆ. ಕೋಗಿಲೆ ಬೇಕಾದರೆ ಕೂಗಲಿ, ಆದರೆ ಅದೇ ಸೀನಿನ ಉಳಿದರ್ಧವನ್ನು ಶ್ರಾವಣದಲ್ಲಿ ತೆಗೆದರೆ? ಅರ್ಧ ಮಾತಿನ ಹಿಂದೆ ಕೋಗಿಲೆ, ಅರ್ಧದ ಹಿಂದೆ ಜಿಟಿಜಿಟಿ ಮಳೆ. ಅದಕ್ಕೇ ಪ್ರತಿ ಜಾಗದಲ್ಲೂ ಒಂದು ನಿಮಿಷ ರೂಮ್ ಟೋನ್ ತಗೊಳ್ಳುತ್ತೇವೆ. ಯಾರೂ ಮಾತಾಡದೆ, ಅಲುಗಾಡದೆ ಇರುವಾಗ ಆ ಕೋಣೆಗೆ ಇರುವ ಸದ್ದು. ಬಸವನಗುಡಿಯ ಹೆಂಚಿನ ಮನೆಯ ಮೌನ ಬೇರೆ, ವೈಟ್‌ಫೀಲ್ಡ್ ಫ್ಲ್ಯಾಟಿನ ಮೌನ ಬೇರೆ. ಮಾತು ಮಾತಿನ ನಡುವೆ ಆ ಮೌನವನ್ನೇ ತುಂಬಬೇಕು. ಇಲ್ಲದಿದ್ದರೆ ಕತ್ತರಿಸಿದ್ದು ಕಿವಿಗೆ ಗೊತ್ತಾಗುತ್ತದೆ. 80 ಜನರ ಯೂನಿಟ್ಟಿನಲ್ಲಿ ಆ ಒಂದು ನಿಮಿಷ ಕೇಳಿ ಪಡೆಯುವುದು ಎಷ್ಟು ಕಷ್ಟ ಅಂತ ಬರೆದು ತಿಳಿಸಲು ಆಗಲ್ಲ. ಲಂಚ್ ಬ್ರೇಕ್ ಕೂಗುವ ಮುಂಚೆ ಕೇಳಬೇಕು. ಕೂಗಿದ ಮೇಲೆ ಸಿಗುವುದಿಲ್ಲ.

ನೀವು ಹೇಳಿದ ಗಲಾಟೆ 'ಡೊಳ್ಳು' ಚಿತ್ರದ್ದು. 2022ರಲ್ಲಿ ಪ್ರಕಟವಾದ 68ನೇ ರಾಷ್ಟ್ರಪ್ರಶಸ್ತಿಯಲ್ಲಿ ಅದಕ್ಕೆ ಲೊಕೇಶನ್ ಸೌಂಡ್ ವಿಭಾಗದ ಪ್ರಶಸ್ತಿ ಬಂತು. ಆ ವಿಭಾಗ ಇರುವುದು ಸಿಂಕ್ ಸೌಂಡ್ ಚಿತ್ರಗಳಿಗೆ. ಚಿತ್ರದ ಸೌಂಡ್ ಡಿಸೈನರ್ ಇದೇ ನಿತಿನ್ ಲೂಕೋಸ್. ಇದು ಸಿಂಕ್ ಸೌಂಡ್ ಚಿತ್ರ ಅಲ್ಲ, ಡಬ್ ಆದದ್ದು ಅಂತ ಅವರೇ ಬಹಿರಂಗವಾಗಿ ಹೇಳಿದರು. ಹೆಸರಾಂತ ಸೌಂಡ್ ಡಿಸೈನರ್ ರಸೂಲ್ ಪೂಕುಟ್ಟಿ ಕೂಡ ದನಿಗೂಡಿಸಿದರು. ಚಿತ್ರದ ಮೇಲೆ ನನಗೆ ಗೌರವ ಇದೆ, ಅದರ ಶಬ್ದ ಚೆನ್ನಾಗಿದೆ. ಆದರೆ ತೀರ್ಪು ಕೊಡುವ ಕಡೆಯೇ ಲೊಕೇಶನ್ ದನಿಗೂ ಸ್ಟುಡಿಯೋ ದನಿಗೂ ವ್ಯತ್ಯಾಸ ಗಮನಿಸದಿದ್ದರೆ ಹೊಟ್ಟೆ ಉರಿಯುತ್ತದೆ. ಬಿಸಿಲಲ್ಲಿ ಬೂಮ್ (ಉದ್ದ ಕೋಲಿನ ತುದಿಯ ಮೈಕ್) ಹಿಡಿದು ನಿಂತವರ ಕೆಲಸ ಅದು. 57ನೇ ಪ್ರಶಸ್ತಿಯಿಂದ ಲೊಕೇಶನ್, ಡಿಸೈನ್, ಮಿಕ್ಸಿಂಗ್ ಅಂತ ಮೂರು ಭಾಗ ಮಾಡಿದ್ದರು. 70ನೇದರಿಂದ ಮತ್ತೆ ಒಂದೇ ಮಾಡಿ ಸೌಂಡ್ ಡಿಸೈನ್ ಅಂತ ಇಟ್ಟಿದ್ದಾರೆ. ಆಸ್ಕರ್‌ನಲ್ಲೂ 2021ರಿಂದ ಎರಡು ಸೌಂಡ್ ಪ್ರಶಸ್ತಿ ಸೇರಿ ಒಂದಾಗಿದೆ. ನನಗೆ ಇದು ಸರಿ ಅನಿಸುವುದಿಲ್ಲ. ಮೂರೂ ಬೇರೆ ಬೇರೆ ಕೈಕೆಲಸ.

ಕಾಲ್ಗೆಜ್ಜೆ

ಫೋಲಿ ಬಗ್ಗೆ ನಾನು ಹೇಳಲೇಬೇಕು, ನನ್ನ ಅನ್ನ ಅದು. ಹಾಲಿವುಡ್ಡಿನ ಯೂನಿವರ್ಸಲ್ ಸ್ಟುಡಿಯೋದಲ್ಲಿದ್ದ ಜ್ಯಾಕ್ ಫೋಲಿ ಅನ್ನುವವರ ಹೆಸರೇ ಈ ಕೆಲಸಕ್ಕೆ ನಿಂತಿದೆ. ಚಿತ್ರ ನೋಡುತ್ತಾ, ಪಾತ್ರದ ಜೊತೆ ಜೊತೆಗೆ ನಡೆದು, ಕೂತು, ಲೋಟ ಇಟ್ಟು ಸದ್ದು ಮಾಡುತ್ತೇವೆ. ಕುದುರೆಗೆ ತೆಂಗಿನ ಚಿಪ್ಪು ಎಲ್ಲರಿಗೂ ಗೊತ್ತು. ಮೂಳೆ ಮುರಿಯಲು ನಾನು ಮೂಲಂಗಿ ಬಳಸುತ್ತೇನೆ, ಒದ್ದೆ ಬಟ್ಟೆಯಲ್ಲಿ ಸುತ್ತಿ.

ಆದರೆ ಫೋಲಿಯ ನಿಜವಾದ ಕಷ್ಟ ನಮ್ಮ ಮನೆಗಳ ಸದ್ದು. ರೆಡ್ ಆಕ್ಸೈಡ್ ನೆಲದ ಮೇಲೆ ಕಾಲುಂಗುರ ಹಾಕಿದ ಕಾಲಿನ ಹೆಜ್ಜೆ ಯಾವ ಎಫೆಕ್ಟ್ಸ್ ಲೈಬ್ರರಿಯಲ್ಲೂ ಸಿಗುವುದಿಲ್ಲ. ಹವಾಯಿ ಚಪ್ಪಲಿ ಹಿಮ್ಮಡಿಗೆ ಹೊಡೆಯುವ ಸದ್ದು ಹೊಸ ಚಪ್ಪಲಿಯಲ್ಲಿ ಬರುವುದಿಲ್ಲ, ಸವೆದಿರಬೇಕು. ನನ್ನ ಹತ್ತಿರ 40 ಜೊತೆ ಹಳೇ ಚಪ್ಪಲಿ ಇದೆ. ಮೈಸೂರು ಸಿಲ್ಕ್ ಸರಿಯುವುದು ಮೆತ್ತಗೆ, ಕಂಚಿ ಸೀರೆ ಸರಿದರೆ ಜರಿ ಮಾತಾಡುತ್ತದೆ. ಒಮ್ಮೆ ನಾಯಕಿಗೆ ಬಡತನದ ಪಾತ್ರ, ಆದರೆ ಫೋಲಿಯಲ್ಲಿ ಯಾರೋ ರೇಷ್ಮೆ ಸೀರೆ ಬಳಸಿದ್ದರು. ನೋಡುವವರು ಯಾರೂ ಗುರುತು ಹಿಡಿಯಲಿಲ್ಲ. ಆದರೂ ಆ ಸೀನು ಯಾಕೋ ನಂಬುವ ಹಾಗಿಲ್ಲ ಅಂದರು ಡೈರೆಕ್ಟರು. ಹಳೇ ಕಾಟನ್ ಸೀರೆಯಲ್ಲಿ ಮತ್ತೆ ಮಾಡಿದೆವು, ಸರಿಹೋಯಿತು.

ಅಕ್ಕ ಹೇಳಿದ ಬೇರೆ ಭಾಷೆಯ ಡಬ್ಬಿಂಗ್‌ಗೂ ನಮ್ಮ ಕೆಲಸವೇ ಆಧಾರ. ಮಾತು ತೆಗೆದರೆ ಅದರ ಜೊತೆ ಲೊಕೇಶನ್ನಿನ ಹೆಜ್ಜೆ, ಬಾಗಿಲ ಸದ್ದೂ ಹೋಗುತ್ತದೆ. ಹಾಗಾಗಿ ಸಂಗೀತ ಮತ್ತು ಎಫೆಕ್ಟ್ಸ್ ಮಾತ್ರ ಇರುವ ಟ್ರ್ಯಾಕ್ ಬೇರೆ ಕೊಡಬೇಕು. ಅದು ತುಂಬಿರುವುದು ಫೋಲಿಯಿಂದ. ನಾಲ್ಕು ಭಾಷೆಗೆ ಹೋಗುವ ಕನ್ನಡ ಚಿತ್ರಗಳು ಬಂದ ಮೇಲೆ ನಮ್ಮನ್ನು ಕರೆಯುವವರು ಜಾಸ್ತಿಯಾಗಿದ್ದಾರೆ.

ಪ್ರೊಜೆಕ್ಟರ್ ರೂಮು

ನಾನು ಮೆಜೆಸ್ಟಿಕ್‌ನಲ್ಲಿ 31 ವರ್ಷ ಆಪರೇಟರ್ ಆಗಿದ್ದೆ. ಸೌಂಡಿನವರು ಕೇಳಬೇಕಾದ ಒಂದು ಮಾತು ಇದೆ.

ಹಿಂದೆ ರೀಲಿನ ಅಂಚಿನಲ್ಲೇ ಸೌಂಡ್ ಪಟ್ಟಿ ಇರುತ್ತಿತ್ತು. ಚಿತ್ರಕ್ಕಿಂತ ಅದರ ಸದ್ದು ಸುಮಾರು 20 ಚೌಕ ಮುಂದೆ ಇರುತ್ತಿತ್ತು. ಚಿತ್ರದ ಗೇಟಿನಲ್ಲಿ ಫಿಲ್ಮ್ ನಿಂತು ನಿಂತು ಓಡಬೇಕು, ಸೌಂಡ್ ಹೆಡ್ ಹತ್ತಿರ ನೀರಿನ ಹಾಗೆ ಹರಿಯಬೇಕು. ಎರಡೂ ಒಂದೇ ಜಾಗದಲ್ಲಿ ಆಗುವುದಿಲ್ಲ. ನಡುವೆ ಬಿಡುವ ಫಿಲ್ಮಿನ ಸಡಿಲ ಸುತ್ತು, ಅಂದರೆ ಲೂಪ್, ಸ್ವಲ್ಪ ತಪ್ಪಿ ಹಾಕಿದರೂ ತುಟಿ ಮಾತು ಕೂಡುತ್ತಿರಲಿಲ್ಲ. ಜನ ಸೀಟಿ ಹೊಡೆಯುತ್ತಿದ್ದರು.

ಡಾಲ್ಬಿ ಬಂದ ಮೇಲೆ ಪ್ರೊಸೆಸರ್ ಮೇಲೆ ಒಂದು ಫೇಡರ್, ಸದ್ದು ಏರಿಸಿ ಇಳಿಸಲು. ಮಿಕ್ಸಿಂಗ್ ಥಿಯೇಟರಿನಲ್ಲಿ ಅದನ್ನು 7ಕ್ಕೆ ಇಟ್ಟು ಮಾಡುತ್ತಾರೆ. ಹಾಗೇ ಕೇಳಿಸಬೇಕು. ಆದರೆ ಸದ್ದು ಜಾಸ್ತಿ ಅಂತ ದೂರು ಬರುತ್ತಿತ್ತು, ಸ್ಪೀಕರ್ ಹೋಗುತ್ತೆ ಅಂತ ಮಾಲೀಕರ ಭಯ. 4.5ಕ್ಕೋ 5ಕ್ಕೋ ಇಳಿಸುತ್ತಿದ್ದೆವು. ಫೈಟು ಸರಿ ಇರುತ್ತಿತ್ತು, ಪಿಸುಮಾತು ಕೇಳುತ್ತಿರಲಿಲ್ಲ. ಥಿಯೇಟರಿನಲ್ಲಿ ಇಳಿಸುತ್ತಾರೆ ಅಂತ ನೀವು ಮಿಕ್ಸಿಂಗ್‌ನಲ್ಲಿ ಇನ್ನೂ ಏರಿಸಿದಿರಿ. ನಾವು ಮತ್ತೆ ಇಳಿಸಿದೆವು. ಇದು ಇವತ್ತಿಗೂ ನಡೆದಿದೆ. ಬಿಡುಗಡೆ ದಿನ ನಿಮ್ಮಲ್ಲಿ ಒಬ್ಬರು ಕ್ಯಾಬಿನ್‌ಗೆ ಬಂದು ಆಪರೇಟರ್ ಜೊತೆ ಮಾತಾಡಿ. ನನ್ನ 31 ವರ್ಷದಲ್ಲಿ ಹಾಗೆ ಬಂದವರು ಮೂರೇ ಜನ. ಅವರ ಚಿತ್ರಗಳಿಗೆ ಕೊನೆಯ ಶೋವರೆಗೂ ನಾನು ಫೇಡರ್ ಮುಟ್ಟಲಿಲ್ಲ.

ಹೆಸರಘಟ್ಟದ ಹುಡುಗ

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಕಾಲ್ಗೆಜ್ಜೆ ಅಕ್ಕ ಹೇಳಿದ ಸೀರೆಯ ಮಾತನ್ನು ಅಮ್ಮನಿಗೆ ಓದಿ ಹೇಳಿದೆ. ಮೂರು ಸೀರೆ ತಂದು ಸರಿಸಿ ತೋರಿಸಿದರು! ದುಡ್ಡಿನ ವಿಷಯ ಕೇಳಬಹುದಾ? ಅಪ್ಪನಿಗೆ ಅದನ್ನೂ ಹೇಳಬೇಕು.

ಜೀರುಂಡೆ

ಕೇಳಲೇಬೇಕು. ತಿಂಗಳ ಸಂಬಳ ಇರುವ ಕೆಲಸ ಇದಲ್ಲ. ಮೊದಲ ಮೂರು ನಾಲ್ಕು ವರ್ಷ ಬೂಮ್ ಹಿಡಿ, ಕೇಬಲ್ ಸುತ್ತು, ಬಾಟಾ (ದಿನಭತ್ಯೆ) ತಗೋ. ಲೊಕೇಶನ್ನಿನವರಿಗೆ ದಿನದ ಲೆಕ್ಕ, ಸ್ಟುಡಿಯೋದವರಿಗೆ ಚಿತ್ರದ ಲೆಕ್ಕ. ಕೊನೆಯ ಕಂತು ಬಿಡುಗಡೆ ಆದ ಮೇಲೆ ಕೊಡುತ್ತೇವೆ ಅನ್ನುತ್ತಾರೆ. ನನಗೆ ಹಾಗೆ ಮೂರು ಚಿತ್ರಗಳ ದುಡ್ಡು ಬರಲೇ ಇಲ್ಲ. ಈಗ ಫೈನಲ್ ಮಿಕ್ಸ್ ಫೈಲ್ ಕೈಗೆ ಕೊಡುವ ಮುಂಚೆ ಬಾಕಿ ತೀರಿರಬೇಕು ಅಂತ ಮೊದಲೇ ಬರೆಸಿಕೊಳ್ಳುತ್ತೇನೆ. ನೀನೂ ಹಾಗೇ ಮಾಡು. ಸಂಕೋಚ ಪಡಬೇಡ. ಸಿನಿಮಾ ಇಲ್ಲದ ತಿಂಗಳಲ್ಲಿ ಜಾಹೀರಾತು, ವೆಬ್ ಸೀರೀಸ್, ಸಾಕ್ಷ್ಯಚಿತ್ರ, ಪಾಡ್‌ಕಾಸ್ಟ್, ಕಂಪನಿಗಳ ವಿಡಿಯೋ ಇವೆ. ಬೆಂಗಳೂರಿನಲ್ಲೇ ಇರುವುದಕ್ಕೆ ಇದು ಒಳ್ಳೆಯ ಕಾರಣ, ಇಲ್ಲಿ ಅಂಥ ಕೆಲಸ ಜಾಸ್ತಿ. ಇನ್ನೂ ಓದುವ ಆಸೆ ಇದ್ದರೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್, ಕೋಲ್ಕತ್ತದ ಸತ್ಯಜಿತ್ ರಾಯ್ ಇನ್‌ಸ್ಟಿಟ್ಯೂಟ್ ಎರಡಕ್ಕೂ ಪರೀಕ್ಷೆ ಬರೆ. 2009ರಲ್ಲಿ ಆಸ್ಕರ್ ಪಡೆದ ರಸೂಲ್ ಪೂಕುಟ್ಟಿ ಪುಣೆಯಲ್ಲಿ ಓದಿದವರು. ಹಾಗಂತ ನಿನ್ನ ಇನ್‌ಸ್ಟಿಟ್ಯೂಟ್ ಕಡಿಮೆ ಅಂದುಕೊಳ್ಳಬೇಡ. ಅದರ ಬೇರು ಕೆ.ಆರ್. ಸರ್ಕಲ್ ಹತ್ತಿರದ ಎಸ್‌ಜೆಪಿಯಲ್ಲಿದೆ, ಅಂದರೆ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ. ಗುರುದತ್ ಚಿತ್ರಗಳ ಕ್ಯಾಮೆರಾಮನ್ ವಿ.ಕೆ. ಮೂರ್ತಿಯವರು ಕ್ಯಾಮೆರಾ ಕಲಿತದ್ದು ಅಲ್ಲಿ.

ಕೆಲವು ಸಣ್ಣ ಮಾತು, ನೆನಪಾದ ಹಾಗೆ. ಬಟ್ಟೆಗೆ ಸಿಕ್ಕಿಸುವ ಲೇಪಲ್ ಮೈಕ್ ಹಾಕುವಾಗ ತಾಳಿ ಸರ ನೋಡಿಕೋ, ಪ್ರತಿ ಉಸಿರಿಗೂ ಬಂದು ತಾಗುತ್ತದೆ. ಹೆಣ್ಣುಮಕ್ಕಳಿಗೆ ಮೈಕ್ ಹಾಕುವ ಮುಂಚೆ ಕೇಳಿ ಒಪ್ಪಿಗೆ ತಗೋ, ಸಾಧ್ಯವಾದರೆ ಕಾಸ್ಟ್ಯೂಮ್ ಅಕ್ಕನಿಂದಲೇ ಹಾಕಿಸು. ಶೂಟಿಂಗ್ ಮನೆಯ ಫ್ರಿಡ್ಜ್ ಆಫ್ ಮಾಡಿದರೆ ನಿನ್ನ ಗಾಡಿ ಕೀ ಅದರೊಳಗೆ ಇಡು. ಆನ್ ಮಾಡಲು ಮರೆತು ಮನೆಗೆ ಹೋಗಲು ಆಗುವುದಿಲ್ಲ, ಆ ಮನೆಯವರ ಹಾಲೂ ಕೆಡುವುದಿಲ್ಲ. ಕಿವಿ ನಿನ್ನ ಬಂಡವಾಳ. 85 ಡೆಸಿಬೆಲ್ ಸದ್ದು ಇರುವ ಕಡೆ ದಿನಕ್ಕೆ ಹೆಚ್ಚೆಂದರೆ ಎಂಟು ಗಂಟೆ ಇರಬಹುದು, 88 ಆದರೆ ನಾಲ್ಕೇ ಗಂಟೆ. ಮೂರು ಏರಿದ ಹಾಗೆಲ್ಲ ಹೊತ್ತು ಅರ್ಧ ಆಗುತ್ತದೆ. ಪಟಾಕಿ, ಡಿಜೆ ಹತ್ತಿರ ನಿಲ್ಲಬೇಡ.

ಎಲ್ಲಕ್ಕಿಂತ ಮುಖ್ಯ, ನಿನ್ನದೇ ಸದ್ದುಗಳನ್ನು ಕೂಡಿಡು. ನಾನು 16 ವರ್ಷದಿಂದ ಕಾರ್ತಿಕದ ಕೊನೆಯ ಸೋಮವಾರ ಬಸವನಗುಡಿಯ ಕಡಲೆಕಾಯಿ ಪರಿಷೆ ರೆಕಾರ್ಡ್ ಮಾಡುತ್ತಿದ್ದೇನೆ. ಮೊದಲ ವರ್ಷಗಳಲ್ಲಿ ಸೇರಿನಲ್ಲಿ ಅಳೆದು ಸುರಿಯುವ ಸದ್ದು ಮುಂದೆ ಇತ್ತು. ಈಗ ಪೀಪಿ ಮುಂದೆ, ಕಡಲೆಕಾಯಿ ಹಿಂದೆ. ಕೆ.ಆರ್. ಮಾರ್ಕೆಟ್ಟಿನ ಹೂವಿನ ಸಾಲನ್ನು ಬೆಳಗಿನ ಜಾವ ನಾಲ್ಕಕ್ಕೆ ಹಿಡಿದಿಟ್ಟಿದ್ದೇನೆ. ಯಾವುದೋ ಚಿತ್ರಕ್ಕೆ ಅಂತ ಅಲ್ಲ. ಆದರೆ ಐದು ಚಿತ್ರಗಳಲ್ಲಿ ಅದು ಇದೆ.

ನೀನಿರುವುದು ಹೆಸರಘಟ್ಟದಲ್ಲಿ. ಊರಿಗೆ ಇಷ್ಟು ಹತ್ತಿರ ಅಂಥ ಹುಲ್ಲುಗಾವಲು ಬೇರೆ ಇಲ್ಲ. ಬೆಳಗ್ಗೆ ಐದಕ್ಕೆ ಅಲ್ಲಿ ಹಕ್ಕಿ ಒಂದೊಂದಾಗಿ ಶುರುವಾಗುತ್ತವೆ. ಆರೂವರೆಗೆ ಮೊದಲ ಟಿಪ್ಪರ್ ಬರುತ್ತದೆ. ನಡುವೆ ಒಂದೂವರೆ ಗಂಟೆ ಸಿಗುತ್ತದೆ.

ಹೆಸರಘಟ್ಟದ ಹುಡುಗ

ಸಾರ್, ಇಷ್ಟು ದಿನ ಹಾಸ್ಟೆಲ್ಲಿನಲ್ಲಿ ಮಲಗಿ ಅದನ್ನು ಕಳೆದುಕೊಂಡೆ. ಈ ಭಾನುವಾರ ಹೋಗುತ್ತೇನೆ. ಕಾಲೇಜಿನ ರೆಕಾರ್ಡರ್ ಕೇಳಿದ್ದೇನೆ. ನೀವು ಬರುತ್ತೀರಾ?

ಜೀರುಂಡೆ

ಬರುತ್ತೇನೆ. ನಾಲ್ಕೂಮುಕ್ಕಾಲಿಗೆ ಗೇಟ್ ಹತ್ತಿರ ಇರು. ಬ್ಯಾಟರಿ ಎರಡು ಜೊತೆ ಜಾಸ್ತಿ ಇಟ್ಟುಕೋ, ಚಳಿಗೆ ಬೇಗ ಇಳಿಯುತ್ತವೆ. ಸ್ವೆಟರ್ ಹಾಕಿಕೋ. ಜರ್ಕಿನ್ ಬೇಡ, ಅದು ಸದ್ದು ಮಾಡುತ್ತದೆ.